ನಿಪ್ಪಾಣಿಯಲ್ಲಿ ನಾಲ್ಕು ತಿಂಗಳು

ಸಾಕ್ಷ್ಯಚಿತ್ರವೆಂಬ ಹೆಸರು ಕಿವಿಗೆ ಬಿದ್ದೊಡನೆ ನನ್ನ ವಯಸ್ಸಿನವರಿಗೆ ನೆನಪಾಗುವುದು ಟಾಕೀಸಿನ ಕತ್ತಲು, ಹಿಂದಿನ ಸಾಲಿನ ಬೀಡಿಯ ಹೊಗೆ ಮತ್ತು ಒಂದು ಗಂಭೀರವಾದ ಗಂಡುದನಿ. ಭಾರತ ಸರ್ಕಾರದ ಫಿಲಂಸ್ ಡಿವಿಷನ್ ಹುಟ್ಟಿದ್ದು 1948ರಲ್ಲಿ. ಅದರ ವಾರ್ತಾಚಿತ್ರವನ್ನೋ ಸಾಕ್ಷ್ಯಚಿತ್ರವನ್ನೋ ತೋರಿಸಿದ ಹೊರತು ಆ ಕಾಲದ ಟಾಕೀಸಿನವರು ಕಥಾಚಿತ್ರವನ್ನು ಆರಂಭಿಸುವಂತಿರಲಿಲ್ಲ. ಆ ಹತ್ತು ಹದಿನೈದು ನಿಮಿಷಗಳನ್ನು ನಾವು ಕಡಲೆಕಾಯಿ ಸುಲಿಯುವುದಕ್ಕೂ, ತಡವಾಗಿ ಬರುವ ನಂಟರಿಗೆ ಜಾಗ ಹಿಡಿಯುವುದಕ್ಕೂ ಉಪಯೋಗಿಸುತ್ತಿದ್ದೆವು. ತೆರೆಯ ಮೇಲೆ ಅಣೆಕಟ್ಟು ಏಳುತ್ತಿತ್ತು, ನೆರೆ ಇಳಿಯುತ್ತಿತ್ತು, ಮಂತ್ರಿಗಳು ಹಾರ ಹಾಕಿಸಿಕೊಳ್ಳುತ್ತಿದ್ದರು. ರೈತನೊಬ್ಬ ನೇಗಿಲಿನ ಮೇಲೆ ಕೈಯಿಟ್ಟು ಬಾನಂಚಿನತ್ತ ನೋಡುತ್ತಿದ್ದ. ಅವನು ಏನನ್ನು ಯೋಚಿಸುತ್ತಿದ್ದಾನೆಂಬುದನ್ನು ಆ ಗಂಡುದನಿ ನಮಗೆ ತಿಳಿಸುತ್ತಿತ್ತು. ರೈತ ಮಾತ್ರ ಬಾಯಿ ತೆರೆಯುತ್ತಿರಲಿಲ್ಲ.

ಎಲ್ಲ ಚಿತ್ರಗಳೂ ಹಾಗೆಯೇ ಇದ್ದವೆಂದರೆ ಅನ್ಯಾಯವಾದೀತು. 1967ರಲ್ಲಿ ಎಸ್.ಎನ್.ಎಸ್. ಶಾಸ್ತ್ರಿಯವರು ಅದೇ ಸಂಸ್ಥೆಗಾಗಿ ‘ಐ ಆಮ್ 20’ ಎಂಬ ಚಿತ್ರವನ್ನು ತೆಗೆದರು. ಸ್ವಾತಂತ್ರ್ಯ ಬಂದ ವರ್ಷ ಹುಟ್ಟಿ ಇಪ್ಪತ್ತು ತುಂಬಿದ ಹುಡುಗ ಹುಡುಗಿಯರನ್ನು ಹುಡುಕಿ ಮಾತನಾಡಿಸಿ, ದೇಶದ ಬಗ್ಗೆ ಅವರಿಗಿದ್ದ ಆಸೆಯನ್ನೂ ಬೇಸರವನ್ನೂ ಅವರ ಬಾಯಿಂದಲೇ ಕೇಳಿಸಿದರು. ಇಂದು ನೋಡಿದರೂ ಅದು ಬಾಡಿದಂತೆ ತೋರುವುದಿಲ್ಲ. ಆದರೆ ಅಂತಹವು ವಿರಳ. ಬಡವನನ್ನು ತೋರಿಸುವುದು, ಅವನ ಪರವಾಗಿ ಮತ್ತೊಬ್ಬ ಮಾತನಾಡುವುದು ಬಹುಕಾಲದವರೆಗೆ ರೂಢಿಯಾಗಿ ನಡೆದುಬಂತು.

ಆ ರೂಢಿಯನ್ನು ಬಿಟ್ಟು ನಡೆದ ಒಂದು ಪುಟ್ಟ ಚಿತ್ರ ನಮ್ಮ ರಾಜ್ಯದ ನೆಲದಲ್ಲಿಯೇ ತಯಾರಾಯಿತು. ಅದು 1982ರ ಚಿತ್ರ. ಉದ್ದ 25 ನಿಮಿಷ. ಹೆಸರು ಮರಾಠಿಯದು: ‘ತಂಬಾಕೂ ಚಾಕೀಲಾ ಊಬ್ ಆಲಿ’. ಊಬ್ ಎಂದರೆ ಕಾವು. ತಂಬಾಕಿಗೆ ಕಾವೇರಿತೆಂಬುದು ಅದರ ಹುರುಳು. ಸಾಹಿತ್ಯದ ವಿದ್ಯಾರ್ಥಿಗಳಿಗೆ, ಅಧ್ಯಾಪಕರಿಗೆ ಈ ಚಿತ್ರದ ಪರಿಚಯ ಅಷ್ಟಾಗಿ ಇಲ್ಲದಿರುವುದನ್ನು ಕಂಡು ನಾನು ಇದನ್ನು ಬರೆಯಲು ಹೊರಟಿದ್ದೇನೆ.

ನಿಪ್ಪಾಣಿಯನ್ನು ಕಾಣದವರೂ ಅದರ ಹೆಸರನ್ನು ಬಲ್ಲರು. ಬೆಂಗಳೂರಿನಿಂದ ಪುಣೆಗೆ ಹೋಗುವ ಹೆದ್ದಾರಿಯಲ್ಲಿ ಬೆಳಗಾವಿಯನ್ನು ದಾಟಿ, ಮಹಾರಾಷ್ಟ್ರದ ಗಡಿ ಇನ್ನೇನು ಬಂದಿತೆನ್ನುವಾಗ ಸಿಗುವ ಊರು ಅದು. ಆಗ ಚಿಕ್ಕೋಡಿ ತಾಲ್ಲೂಕಿಗೆ ಸೇರಿತ್ತು. ಬೀಡಿಯ ತಂಬಾಕಿಗೆ ಅದು ಹೆಸರಾದ ಪೇಟೆ. 1981ರಲ್ಲಿ ತಂಬಾಕು ಬೆಳೆಗಾರರು ಶರದ್ ಜೋಶಿಯವರ ಮುಂದಾಳುತನದಲ್ಲಿ ನ್ಯಾಯವಾದ ಬೆಲೆಗಾಗಿ ಹೆದ್ದಾರಿಯಲ್ಲಿ ಕುಳಿತರು. ಪೊಲೀಸರ ಗುಂಡಿಗೆ ರೈತರು ಬಲಿಯಾದರು. ಅಂದಿನಿಂದ ನಿಪ್ಪಾಣಿಯ ಹೆಸರು ದೇಶಕ್ಕೆಲ್ಲ ತಿಳಿಯಿತು. ಆದರೆ ಹೊಲದಿಂದ ಬಂದ ತಂಬಾಕು ಬೀಡಿಯಾಗುವುದಕ್ಕೆ ಮುಂಚೆ ಇನ್ನೊಂದು ಕೈಯನ್ನು ದಾಟಬೇಕು. ಕಾರ್ಖಾನೆಯ ಗೋಡೆಗಳ ಒಳಗೆ ಎಲೆಯಿಂದ ಕಡ್ಡಿಯನ್ನು ಬೇರ್ಪಡಿಸಿ, ಜರಡಿ ಹಿಡಿದು, ಪುಡಿಮಾಡುವ ಆ ಕೈ ಹೆಂಗಸಿನದು. ದಿನವಿಡೀ ಘಾಟು, ದಿನವಿಡೀ ಧೂಳು. ಬೆಳೆಗಾರನ ಸಂಕಟ ಹೆದ್ದಾರಿಯ ಮೇಲೆ ಎಲ್ಲರಿಗೂ ಕಾಣಿಸಿತು. ಗೋಡೆಯೊಳಗಿನ ಈ ಸಂಕಟವನ್ನು ನೋಡುವುದಕ್ಕೆ ಹೊರಗಿನವರಿಗೆ ದಾರಿಯೇ ಇರಲಿಲ್ಲ. ಆ ಹೆಂಗಸರು ತಾವೇ ಒಟ್ಟುಗೂಡಿ ಮುಷ್ಕರ ಹೂಡಿ, ಸುಮಾರು 3000 ಜನರ ಸಂಘವನ್ನು ಕಟ್ಟಿಕೊಂಡರು. ಚಿತ್ರದ ವಸ್ತು ಅದು.

ತೆಗೆದವರು ಯಾರು? 1980ರಲ್ಲಿ ಬೆಂಗಳೂರಿನಲ್ಲಿ ನಾಲ್ವರು ಕೂಡಿ ‘ಯುಗಾಂತರ್’ ಎಂಬ ಬಳಗವನ್ನು ಕಟ್ಟಿದರು: ಆಭಾ ಭೈಯಾ, ದೀಪಾ ಧನರಾಜ್, ಮೀರಾ ರಾವ್, ನವ್ರೋಜ್ ಕಾಂಟ್ರಾಕ್ಟರ್. ನಾಲ್ವರಲ್ಲಿ ನವ್ರೋಜ್ ಅವರಿಗೆ ಛಾಯಾಗ್ರಹಣದಲ್ಲಿ ಆಗಲೇ ಹೆಸರಿತ್ತು. ಮಣಿ ಕೌಲ್ ಅವರ ‘ದುವಿಧಾ’ 1973ರಲ್ಲಿ ಅವರ ಕ್ಯಾಮೆರಾದಿಂದ ಮೂಡಿದ್ದು. ನಿರ್ದೇಶನದ ಹೊಣೆ ಹೊತ್ತ ದೀಪಾ ಧನರಾಜ್ ಅವರಾದರೋ ಆಗ ಈ ದಾರಿಗೆ ಹೊಸಬರು. ಮುಂದೆ ಅವರು ‘ಕ್ಯಾ ಹುವಾ ಇಸ್ ಶಹರ್ ಕೋ’, ‘ಸಮ್‌ಥಿಂಗ್ ಲೈಕ್ ಎ ವಾರ್’ ಮೊದಲಾದ ಚಿತ್ರಗಳಿಂದ ದೇಶದ ಹೊರಗೂ ಪ್ರಸಿದ್ಧರಾದರು. ಆ ವಿಚಾರ ಇಲ್ಲಿ ಬೇಡ. ನನಗೆ ಕುತೂಹಲವಿರುವುದು ಇನ್ನೂ ಯಾರೂ ಹೆಸರು ಕೇಳದ ಕಾಲದಲ್ಲಿ ಅವರು ಹಿಡಿದ ಹಾದಿಯ ಬಗೆಗೆ. ಬಳಗದ ಮೊದಲ ಚಿತ್ರ ‘ಮೋಲ್ಕರೀಣ್’ 1981ರದು. ಪುಣೆಯ ಮನೆಗೆಲಸದ ಹೆಂಗಸರನ್ನು ಕುರಿತದ್ದು. ಎರಡನೆಯದೇ ನಿಪ್ಪಾಣಿಯದು.

ನಿಪ್ಪಾಣಿಗೆ ಹೋದವರು ನಾಲ್ಕು ತಿಂಗಳ ಕಾಲ ಆ ಹೆಂಗಸರ ಒಡನಾಟದಲ್ಲಿದ್ದರು. ಮೊದಲು ನಡೆದದ್ದು ಚಿತ್ರೀಕರಣವಲ್ಲ, ಕೇಳುವ ಕೆಲಸ. ಕೂಲಿಯ ಲೆಕ್ಕ, ದುಡಿಮೆಯ ಹೊತ್ತು, ಮಾಲೀಕರ ನಡವಳಿಕೆ, ಸಂಘ ಕಟ್ಟುವಾಗ ಆದ ಅಂಜಿಕೆ ಮತ್ತು ಧೈರ್ಯ: ಇವನ್ನೆಲ್ಲ ಕೇಳುತ್ತ, ಚರ್ಚಿಸುತ್ತ ಚಿತ್ರದ ರೂಪ ಹುಟ್ಟಿತು. ಏನನ್ನು ತೋರಿಸಬೇಕು, ಹೇಗೆ ತೋರಿಸಬೇಕು ಎಂಬುದರಲ್ಲಿ ಹೆಂಗಸರ ಮಾತೂ ನಡೆಯಿತು. ಹಿಂದೆ ನಡೆದುಹೋದ ಮುಖ್ಯ ಘಟನೆಗಳನ್ನು ಅವರೇ ಕ್ಯಾಮೆರಾದ ಮುಂದೆ ಮತ್ತೊಮ್ಮೆ ಅಭಿನಯಿಸಿ ತೋರಿಸಿದರು. ಹೊರಗಿನವರು ಕಾಣದಿದ್ದ ಕಾರ್ಖಾನೆಯ ಒಳಗೂ ಕ್ಯಾಮೆರಾ ಹೊಕ್ಕಿತು.

ಈ ನಾಲ್ಕು ತಿಂಗಳ ಬೆಲೆಯನ್ನು ತಿಳಿಯಬೇಕಾದರೆ ಸ್ವಲ್ಪ ಗಣಿತ ಬೇಕು. ಇಂದಿನ ಹುಡುಗರ ಕೈಯಲ್ಲಿರುವ ಮೊಬೈಲು ಗಂಟೆಗಟ್ಟಲೆ ಚಿತ್ರ ಹಿಡಿಯುತ್ತದೆ; ಸೇರದಿದ್ದರೆ ಅಳಿಸಿದರಾಯಿತು. ಅಂದಿನ 16 ಎಂ.ಎಂ. ಫಿಲಮ್ಮು ಕ್ಯಾಮೆರಾದೊಳಗೆ ನಿಮಿಷಕ್ಕೆ 36 ಅಡಿ ಓಡುತ್ತಿತ್ತು. 400 ಅಡಿಯ ಸುರುಳಿ ಹನ್ನೊಂದು ನಿಮಿಷಕ್ಕೆ ಮುಗಿಯುತ್ತಿತ್ತು. ಮುಗಿದ ಸುರುಳಿಯನ್ನು ಪ್ರಯೋಗಾಲಯದಲ್ಲಿ ತೊಳೆಸುವವರೆಗೆ ಅದರಲ್ಲೇನು ಮೂಡಿದೆಯೆಂದು ತೆಗೆದವನಿಗೂ ತಿಳಿಯುತ್ತಿರಲಿಲ್ಲ. ಕೈಯಲ್ಲಿ ಹಣವಿಲ್ಲದ ಬಳಗಕ್ಕೆ ಒಂದೊಂದು ಅಡಿಯೂ ದುಡ್ಡು. ಆದ್ದರಿಂದ ಬೇಕಾದದ್ದು ಯಾವುದೆಂದು ಮೊದಲೇ ತಿಳಿದಿರಬೇಕಾಗಿತ್ತು, ತಿಳಿಯಬೇಕಾದರೆ ಕೇಳಲೇಬೇಕಾಗಿತ್ತು. ಇದು ಬಡತನ ಕಲಿಸಿದ ತಾಳ್ಮೆಯೆಂದು ಯಾರಾದರೂ ಹೇಳಿದರೆ ನಾನು ಪೂರ್ತಿ ಒಪ್ಪಲಾರೆ. ಎರಡು ದಿನದಲ್ಲಿ ಬಂದು ಎರಡು ಸುರುಳಿ ತೆಗೆದುಕೊಂಡು ಹೋಗುವುದು ಇನ್ನೂ ಅಗ್ಗವಾಗುತ್ತಿತ್ತಲ್ಲ!

ಇಲ್ಲಿ ಬಲ್ಲವರು ಒಂದು ಆಕ್ಷೇಪಣೆಯನ್ನು ಎತ್ತುವುದುಂಟು. ನಡೆದದ್ದನ್ನು ಮತ್ತೆ ಅಭಿನಯಿಸಿದರೆ ಅದು ಸಾಕ್ಷ್ಯ ಹೇಗಾದೀತು? ಈ ಪ್ರಶ್ನೆಗೆ ಸಾಕ್ಷ್ಯಚಿತ್ರದಷ್ಟೇ ವಯಸ್ಸಾಗಿದೆ. ರಾಬರ್ಟ್ ಫ್ಲಾಹರ್ಟಿ 1922ರಲ್ಲಿ ‘ನಾನೂಕ್ ಆಫ್ ದಿ ನಾರ್ತ್’ ಚಿತ್ರದಲ್ಲಿ ಹಿಮನಾಡಿನ ಬೇಟೆಗಾರನ ಬಾಳನ್ನು ತೋರಿಸಿದ. ಹಿಮದ ಮನೆಯೊಳಗೆ ಬೆಳಕು ಸಾಲದೆಂದು ಅರ್ಧ ಮನೆಯನ್ನು ಮಾತ್ರ ಕಟ್ಟಿಸಿ ಸಂಸಾರವನ್ನು ಅದರಲ್ಲಿ ಮಲಗಿಸಿದ; ಬಂದೂಕು ಬಳಸುತ್ತಿದ್ದವರ ಕೈಗೆ ಅಜ್ಜಂದಿರ ಕಾಲದ ಈಟಿಯನ್ನು ಕೊಡಿಸಿದ. ಲೋಕ ಅದನ್ನು ಸಾಕ್ಷಾತ್ ಸತ್ಯವೆಂದು ನಂಬಿತು. ತೆಗೆದ ತುಣುಕುಗಳನ್ನು ಅಲ್ಲಿಯೇ ತೊಳೆದು ಅವರಿಗೇ ತೋರಿಸುತ್ತಿದ್ದನೆಂಬುದು ಅವನ ಲೆಕ್ಕದಲ್ಲಿ ಸೇರಬೇಕಾದ ಪುಣ್ಯ. 1960ರ ಸುಮಾರಿಗೆ ಹಗುರವಾದ ಕ್ಯಾಮೆರಾ, ಹೆಗಲಿಗೆ ತೂಗುಹಾಕುವ ಧ್ವನಿಯಂತ್ರ ಬಂದವು. ಆಗ ಅಮೆರಿಕದಲ್ಲಿ ಇನ್ನೊಂದು ಪಂಥ ಹುಟ್ಟಿತು. ಮಾತನಾಡಿಸಬಾರದು, ಏನನ್ನೂ ಮಾಡಿಸಬಾರದು, ಗೋಡೆಯ ಮೇಲಿನ ಹಲ್ಲಿಯಂತೆ ಸುಮ್ಮನೆ ನೋಡುತ್ತಿರಬೇಕು ಎಂದರು. (ನಮ್ಮ ಹಲ್ಲಿಯಾದರೋ ನಡುನಡುವೆ ಲೊಚಗುಟ್ಟಿ ಹೌದೆನ್ನುತ್ತದೆ.) ಆ ಪಂಥದಿಂದ ಉತ್ತಮ ಚಿತ್ರಗಳು ಬಂದಿವೆ. ಆದರೂ ನಾಲ್ಕು ಜನ, ಒಂದು ಯಂತ್ರ, ಒಂದಷ್ಟು ತಂತಿಗಳನ್ನು ಹೊತ್ತುಕೊಂಡು ಬಡವರ ಮನೆಗೆ ನುಗ್ಗಿ, ತಾವು ಅಲ್ಲಿಲ್ಲವೇ ಇಲ್ಲವೆಂದು ನಟಿಸುವುದು ನನಗೆ ಎಂದೂ ಪೂರ್ತಿ ಪ್ರಾಮಾಣಿಕವಾಗಿ ಕಂಡಿಲ್ಲ.

ನಿಪ್ಪಾಣಿಯವರ ಅಭಿನಯ ಫ್ಲಾಹರ್ಟಿ ಮಾಡಿಸಿದ ಬೇಟೆಯಂತಲ್ಲ. ಇಲ್ಲಿ ಈಟಿಯನ್ನು ಯಾರೂ ಕೈಗೆ ತುರುಕಲಿಲ್ಲ. ತಾವು ಬಾಳಿದ್ದನ್ನು, ತಮಗೆ ಮುಖ್ಯವೆಂದು ತೋರಿದ್ದನ್ನು ಹೆಂಗಸರು ತಾವೇ ಆರಿಸಿದರು. ತೆರೆಯ ಮೇಲೆ ಅವರು ಗುಂಪಾಗಿ ಕುಳಿತು ವಾದಿಸುವಾಗ ಆ ಕಣ್ಣುಗಳಲ್ಲಿ ಕಾಣುವುದು ನಟನೆಯ ಅಳುಕಲ್ಲ, ನೆನಪಿನ ಬಿಸಿ. ನಮಗೆ ಕಥೆ ಹೇಳುವವರು ಅವರೇ. ಟಾಕೀಸಿನ ಆ ಗಂಡುದನಿಗೆ ಈ 25 ನಿಮಿಷಗಳಲ್ಲಿ ಜಾಗವಿಲ್ಲ. ನೋಡುವವನಿಗೆ ಅಯ್ಯೋ ಎನ್ನಿಸುವುದಕ್ಕಿಂತ ಹೆಚ್ಚಾಗಿ, ಇವರೊಡನೆ ವಾದಕ್ಕೆ ಕುಳಿತರೆ ನಾನು ಗೆಲ್ಲಲಾರೆ ಎನ್ನಿಸುತ್ತದೆ. ಮರುಕಕ್ಕೂ ಸಹಾನುಭೂತಿಗೂ ಇರುವ ಅಂತರವನ್ನು ತರಗತಿಯಲ್ಲಿ ವಿವರಿಸುವಾಗ ನಾನು ಎಷ್ಟೋ ಕಾವ್ಯಗಳ ಮೊರೆ ಹೊಕ್ಕಿದ್ದುಂಟು. ಈ ಚಿತ್ರ ಅದನ್ನು ಸುಲಭವಾಗಿ ತಿಳಿಸಿಬಿಡುತ್ತದೆ.

ನಮ್ಮವರು ಇದನ್ನು ಏಕೆ ಗಮನಿಸಲಿಲ್ಲ? ಭಾಷೆ ಮರಾಠಿಯಾದುದರಿಂದ ಇದು ನಮ್ಮದಲ್ಲವೆಂಬ ಭಾವನೆ ಒಂದು ಕಾರಣವಿರಬೇಕು. ನಿಪ್ಪಾಣಿ ಯಾರಿಗೆ ಸೇರಬೇಕೆಂದು ಎರಡು ರಾಜ್ಯಗಳು ದಶಕಗಳ ಕಾಲ ಜಗಳವಾಡಿವೆ. ನಕ್ಷೆಯ ಮೇಲಿನ ಆ ಊರನ್ನು ಬಿಡೆವೆಂದ ಉತ್ಸಾಹದಲ್ಲಿ ನೂರರಲ್ಲೊಂದು ಪಾಲು ಆ ಊರಿನ ತಂಬಾಕು ಹೆಂಗಸಿನ ಮಾತಿಗೆ ಕಿವಿಗೊಡುವುದರಲ್ಲಿ ಇದ್ದಿದ್ದರೆ ಚೆನ್ನಾಗಿತ್ತು. ಬರ್ಲಿನ್ನಿನ ಆರ್ಸೆನಲ್ ಸಂಸ್ಥೆ ಯುಗಾಂತರದ ಚಿತ್ರಗಳ ಜೀರ್ಣೋದ್ಧಾರಕ್ಕೆ ಕೈಜೋಡಿಸಿತು. ದೂರದ ಊರಿನವರು ನಮ್ಮ ಪೆಟ್ಟಿಗೆಯ ಧೂಳು ಒರೆಸಿಕೊಟ್ಟಂತಾಯಿತು. ಆ ಕೆಲಸದ ಫಲವಾಗಿ ಈಗ ಈ ಚಿತ್ರವನ್ನು ಮನೆಯಲ್ಲಿ ಕುಳಿತೇ ನೋಡಬಹುದು.

ನಾನು ಅದನ್ನು ಇತ್ತೀಚೆಗೆ ಮತ್ತೊಮ್ಮೆ ನೋಡಿದ್ದು ಒಬ್ಬ ಹುಡುಗನ ಸಲುವಾಗಿ. ನಾನಿರುವುದು ಶಿವಮೊಗ್ಗದ ವಿನೋಬನಗರದಲ್ಲಿ. ಅಡಿಕೆಯ ವ್ಯಾಪಾರ ನಡೆಯುವ ಎಪಿಎಂಸಿ ಪ್ರಾಂಗಣ ನಮಗೆ ದೂರವಲ್ಲ. ರಾಶಿ, ಬೆಟ್ಟೆ, ಸರಕು, ಗೊರಬಲು ಎಂದು ಅಡಿಕೆಯ ಜಾತಿಗಳನ್ನು ಇಲ್ಲಿನ ಮಕ್ಕಳೂ ಬಲ್ಲರು. ಇಂದಿನ ಧಾರಣೆ ಎಷ್ಟೆಂಬುದು ಇಲ್ಲಿ ಕುಶಲಪ್ರಶ್ನೆಯ ಒಂದು ಭಾಗ. ಬೀದಿಯ ಆಚೆ ತುದಿಯ ಮನೆಯ ಹುಡುಗ, ಕಾಲೇಜು ಮುಗಿಸಿ ಸಾಕ್ಷ್ಯಚಿತ್ರ ತೆಗೆಯುವ ಹಂಬಲ ಹಚ್ಚಿಕೊಂಡವನು. ತೀರ್ಥಹಳ್ಳಿಯ ಕಡೆ ಅಡಿಕೆ ಸುಲಿಯುವ ಹೆಂಗಸರನ್ನು ಕುರಿತು ಒಂದಿಷ್ಟು ಚಿತ್ರ ಹಿಡಿದು ತಂದು ತೋರಿಸಿದ. ಕಣ್ಣಿಗೆ ಹಬ್ಬವೆಂದೇ ಹೇಳಬೇಕು. ರಾತ್ರಿಯ ಅಂಗಳ, ದೀಪದ ಬೆಳಕು, ಸಾಲಾಗಿ ಮೆಟ್ಟುಗತ್ತಿಯ ಮುಂದೆ ಕುಳಿತ ಹೆಂಗಸರು, ಒಂದೇ ಸಮನೆ ಆಡುವ ಕೈಗಳು. ಅದರಲ್ಲಿಯೂ ಒಬ್ಬ ಮುದುಕಿಯ ಬೆರಳುಗಳನ್ನು ಅವನು ಎಷ್ಟು ಹತ್ತಿರದಿಂದ ಹಿಡಿದಿದ್ದನೆಂದರೆ, ಉಗುರಿನ ಸಂದಿಯ ಚೊಗರಿನ ಕಲೆ ಕಾಡಿಗೆಯಂತೆ ಕಾಣುತ್ತಿತ್ತು. ಹಿನ್ನೆಲೆಯಲ್ಲಿ ಹುಡುಗನದೇ ದನಿ. ಮಲೆನಾಡಿನ ಹೆಣ್ಣಿನ ಶ್ರಮವನ್ನು ಕುರಿತು ಒಳ್ಳೆಯ ಕನ್ನಡದಲ್ಲಿ ವಿವರಿಸುತ್ತಿತ್ತು.

“ಇವರೇನು ಹೇಳ್ತಾರಪ್ಪ?” ಎಂದು ಕೇಳಿದೆ.

“ಅವರು ಜಾಸ್ತಿ ಮಾತಾಡಲ್ಲ ಸಾರ್.”

“ನೀನು ಎಷ್ಟು ದಿವಸ ಇದ್ದೆ ಅಲ್ಲಿ?”

“ಒಂದು ರಾತ್ರಿ.”

ಆ ಮಧ್ಯಾಹ್ನ ಇಬ್ಬರೂ ಕುಳಿತು ನಿಪ್ಪಾಣಿಯ ಚಿತ್ರವನ್ನು ನೋಡಿದೆವು. ಮುಗಿದ ಮೇಲೆ ಅವನು ಬಹಳ ಹೊತ್ತು ಸುಮ್ಮನಿದ್ದ. ನಾನೂ ಉಪದೇಶಕ್ಕೆ ಹೊರಡಲಿಲ್ಲ. ನಮ್ಮ ಬಡಾವಣೆಗೆ ಯಾರ ಹೆಸರಿದೆ ಗೊತ್ತಷ್ಟೆ ಎಂದೆ. 1951ರ ಏಪ್ರಿಲ್ 18ರಂದು ವಿನೋಬಾ ಅವರು ತೆಲಂಗಾಣದ ಪೋಚಂಪಳ್ಳಿಗೆ ನಡೆದುಕೊಂಡು ಹೋದರು. ಹರಿಜನರ ಕೇರಿಯಲ್ಲಿ ನಿಂತು ನಿಮಗೇನು ಬೇಕೆಂದು ಕೇಳಿದರು. ಎಂಬತ್ತು ಎಕರೆ ಭೂಮಿ ಎಂದು ಅವರು ಲೆಕ್ಕ ಹಾಕಿ ಹೇಳಿದರು. ಅಲ್ಲಿಯೇ ಇದ್ದ ರಾಮಚಂದ್ರ ರೆಡ್ಡಿಯವರು ನೂರು ಎಕರೆ ಕೊಡುತ್ತೇನೆಂದರು. ಭೂದಾನದ ಮುಂದಿನ ಗತಿಯನ್ನು ಕುರಿತು ಎಷ್ಟು ಬೇಕಾದರೂ ಟೀಕೆ ಮಾಡಬಹುದು. ಆ ಕೇರಿಯವರು ಎಂಬತ್ತೆಂಬ ಅಂಕಿಯನ್ನು ಮನಸ್ಸಿನಲ್ಲಿ ಇಟ್ಟುಕೊಂಡೇ ಇದ್ದರು, ಅಲ್ಲಿಯವರೆಗೆ ಅದನ್ನು ಯಾರೂ ಕೇಳಿರಲಿಲ್ಲ ಎಂಬಷ್ಟೇ ನನ್ನ ಮಾತಿನ ತಾತ್ಪರ್ಯವಾಗಿತ್ತು.

ಹುಡುಗ ಆ ಹಳ್ಳಿಗೆ ಮತ್ತೆ ಹೋದ. ಈ ಬಾರಿ ಕ್ಯಾಮೆರಾ ಇಲ್ಲದೆ. ಸುಗ್ಗಿ ಮುಗಿಯುವವರೆಗೆ ವಾರಕ್ಕೆ ಎರಡು ಮೂರು ರಾತ್ರಿ ಹೋಗಿ ಕುಳಿತ. ಮೆಟ್ಟುಗತ್ತಿ ಹಿಡಿಯುವುದನ್ನು ಕಲಿತು ಬೆರಳು ಕುಯ್ದುಕೊಂಡ. ಹೆಂಗಸರು ಹೊಟ್ಟೆ ಹುಣ್ಣಾಗುವಂತೆ ನಕ್ಕರು. ಮಾತು ಹೊರಟದ್ದು ಆ ನಗುವಿನ ಮೇಲೆ. ‘ಜಾಸ್ತಿ ಮಾತಾಡದ’ ಆ ಹೆಂಗಸರು ರಾತ್ರಿಯಿಡೀ ಮಾತನಾಡುವವರೆಂದೂ, ಕ್ಯಾಮೆರಾ ಬಂದ ಒಂದು ರಾತ್ರಿ ಮಾತ್ರ ಬಾಯಿ ಕಟ್ಟಿಕೊಂಡಿದ್ದರೆಂದೂ ಆಮೇಲೆ ತಿಳಿಯಿತು.

ತಿಳಿದದ್ದು ಇನ್ನೂ ಎರಡು. ಅವನು ಅಷ್ಟು ಪ್ರೀತಿಯಿಂದ ಹಿಡಿದಿದ್ದ ಆ ಬೆರಳುಗಳ ವಿಷಯ ಮೊದಲನೆಯದು. ಮುದುಕಿ ಮದುವೆಮನೆಗಳಲ್ಲಿ ಕೈಯನ್ನು ಸೆರಗಿನೊಳಗೆ ಮುಚ್ಚಿಟ್ಟುಕೊಂಡೇ ಕೂರುವವಳು. ಸೀಗೆ ಹಾಕಿ ಎಷ್ಟು ತಿಕ್ಕಿದರೂ ಚೊಗರು ಹೋಗುವುದಿಲ್ಲ. “ಮುಖ ಬೇಕಾರೆ ತೋರ್ಸು ಮಾರಾಯ, ಕೈ ಬ್ಯಾಡ” ಎಂದಳಂತೆ. ಹುಡುಗನಿಗೆ ಇದರಿಂದ ಆದ ಸಂಕಟವನ್ನು ನೋಡಬೇಕಾಗಿತ್ತು. ಚಿತ್ರದ ಮೊದಲ ದೃಶ್ಯವೇ ಆ ಕೈಗಳೆಂದು ನಿಶ್ಚಯಿಸಿಕೊಂಡಿದ್ದ.

ಎರಡನೆಯದು ಅದಕ್ಕಿಂತ ಕಠಿಣವಾದದ್ದು. ಸುಲಿದ ಅಡಿಕೆಗೆ ಕೂಲಿ ಅಳತೆಯ ಮೇಲೆ, ಡಬ್ಬಕ್ಕೆ ಇಷ್ಟು ಎಂದು. ಆ ಅಂಗಳದ ಡಬ್ಬ ಪಕ್ಕದೂರಿನ ಡಬ್ಬಕ್ಕಿಂತ ದೊಡ್ಡದೆಂದು ಹೆಂಗಸರೆಲ್ಲ ಬಲ್ಲರು. ಒಬ್ಬಾಕೆ ಅದನ್ನು ಹೇಳಿದಳು. ಆ ಹೊತ್ತಿಗೆ ಕ್ಯಾಮೆರಾ ಮತ್ತೆ ಬಂದಿತ್ತು, ಹೇಳಿದ್ದು ದಾಖಲಾಯಿತು. ಮಾರನೆಯ ದಿನ ಅವಳಿಗೆ ಭಯ ಹತ್ತಿತು. ತೋಟದವರ ಕಿವಿಗೆ ಬಿದ್ದರೆ ಮುಂದಿನ ಸುಗ್ಗಿಗೆ ಕರೆಯಲಾರರು. ಸುಲಿಯುವ ಯಂತ್ರಗಳು ಊರೂರಿಗೆ ಬರುತ್ತಿರುವ ಕಾಲ. ನೀನು ಬಾರದಿದ್ದರೆ ನಷ್ಟವಿಲ್ಲ ಎನ್ನುವುದು ತೋಟದವರಿಗೆ ಸುಲಭ.

ಇದನ್ನು ಹೇಳಿಕೊಳ್ಳಲು ಹುಡುಗ ಬಂದಾಗ ನನಗೆ ನಿಪ್ಪಾಣಿಯ ಚಿತ್ರದ ಇನ್ನೊಂದು ಮುಖ ಹೊಳೆಯಿತು. ಅಲ್ಲಿ ಮಾತನಾಡಿದ ಹೆಂಗಸರ ಬೆನ್ನಿಗೆ ಸುಮಾರು 3000 ಜನರ ಸಂಘವಿತ್ತು. ಕ್ಯಾಮೆರಾ ಬರುವ ಮೊದಲೇ ಅವರು ಮಾಲೀಕರ ಎದುರು ಮಾತನಾಡಿ ಆಗಿತ್ತು. ಚಿತ್ರ ಆ ಮಾತನ್ನು ದೂರಕ್ಕೆ ಒಯ್ದಿತು, ಅಷ್ಟೆ. ನಮ್ಮ ಅಂಗಳದಲ್ಲಿ ಇರುವವರು ಹನ್ನೊಂದು ಜನ. ಇಲ್ಲಿ ಚಿತ್ರವೇ ಮೊದಲ ಮಾತಾಗಿಬಿಡುತ್ತದೆ. ಅದರ ಏಟು ಬೀಳುವುದು ಶಿವಮೊಗ್ಗದ ಹುಡುಗನ ಮೇಲಲ್ಲ. ಸಹಾನುಭೂತಿಯುಳ್ಳ ನೋಟವನ್ನು ಹೊಗಳುವ ವಿಮರ್ಶಕರು (ನಾನೂ ಅವರಲ್ಲೊಬ್ಬ) ಈ ಲೆಕ್ಕವನ್ನು ಸಾಮಾನ್ಯವಾಗಿ ಎತ್ತುವುದಿಲ್ಲ. ಹತ್ತಿರ ಹೋದಷ್ಟೂ ಗುಟ್ಟುಗಳು ಸಿಗುತ್ತವೆ; ಸಿಕ್ಕ ಗುಟ್ಟೆಲ್ಲ ಚಿತ್ರಕಾರನ ಸ್ವತ್ತಲ್ಲ.

ಡಬ್ಬದ ಮಾತನ್ನು ಕತ್ತರಿಸಿಬಿಡು ಎನ್ನಲು ನನಗೆ ಬಾಯಿ ಬರಲಿಲ್ಲ. ಅದು ಹೋದರೆ ಉಳಿಯುವುದು ಮತ್ತೆ ದೀಪದ ಬೆಳಕು, ಸುಂದರವಾದ ಅಂಗಳ. ಇಟ್ಟುಕೋ ಎನ್ನುವ ಅಧಿಕಾರವೂ ನನಗಿಲ್ಲ. ಮುಂದಿನ ಸುಗ್ಗಿಯ ಕೂಲಿ ನನ್ನದಲ್ಲ.

ದಾರಿ ತೋರಿಸಿದ್ದು ಆ ಮುದುಕಿಯೇ. “ಇದೆಲ್ಲ ಯಾರು ನೋಡ್ತಾರೆ ಮಾರಾಯ?” ಎಂದು ಅವಳು ಒಂದು ರಾತ್ರಿ ಕೇಳಿದಳಂತೆ. ಚಿತ್ರೋತ್ಸವಗಳ ಹೆಸರು ಹೇಳಿದ. ಅವಳಿಗೆ ಅದು ಸರಿಬರಲಿಲ್ಲ. “ನಾವ್ ನೋಡಾದ್ ಯಾವಾಗ?” ಎಂದಳು. ಯುಗಾಂತರದವರು ತಮ್ಮ ಚಿತ್ರಗಳನ್ನು ಸಂಘಗಳಿಗೆ, ಕೇರಿಗಳಿಗೆ ಒಯ್ದು, ತೋರಿಸಿ, ಮುಗಿದೊಡನೆ ಚರ್ಚೆಗೆ ಕೂರುತ್ತಿದ್ದರು. ಅವರಿಗೆ ಚಿತ್ರದ ಅರ್ಧ ಕೆಲಸ ಅಲ್ಲಿ ನಡೆಯುತ್ತಿತ್ತು. ನಮ್ಮ ಜಿಲ್ಲೆಗೂ ಇದು ಅಪರಿಚಿತವಲ್ಲ. ಕೆ.ವಿ. ಸುಬ್ಬಣ್ಣನವರು ಹೆಗ್ಗೋಡಿನಲ್ಲಿ ನೀನಾಸಂ ಚಿತ್ರಸಮಾಜವನ್ನು ಆರಂಭಿಸಿದ್ದು 1973ರಲ್ಲಿ. ಲೋಕದ ಶ್ರೇಷ್ಠ ಚಿತ್ರಗಳನ್ನು ಅಡಿಕೆ ತೋಟದ ನಡುವಿನ ಹಳ್ಳಿಯವರು ಕುಳಿತು ನೋಡಿ, ತಮ್ಮ ಮಾತಿನಲ್ಲಿ ಚರ್ಚಿಸಿದರು. ಹಳ್ಳಿಯವರಿಗೆ ಅರ್ಥವಾಗದೆಂದು ಪಟ್ಟಣದ ಬಲ್ಲವರು ಕನಿಕರಪಟ್ಟರು. ಹಳ್ಳಿಯವರು ಆ ಕನಿಕರವನ್ನು ಗಮನಿಸಿದಂತೆ ಕಾಣಲಿಲ್ಲ.

ಚಿತ್ರದ ಕರಡು ಈಗ ಸಿದ್ಧವಾಗಿದೆ. ಹುಡುಗನ ದನಿ ಅದರಲ್ಲಿಲ್ಲ. ಮುದುಕಿಯ ಮುಖವಿದೆ, ಕೈಯಿಲ್ಲ. ಡಬ್ಬದ ಮಾತು ಇದೆ. ಆದರೆ ಅದು ಹೊರಗೆ ಹೋಗಬೇಕೋ ಬೇಡವೋ ಎಂಬುದನ್ನು ಹನ್ನೊಂದು ಜನ ಹೆಂಗಸರು ನೋಡಿದ ಮೇಲೆ ಹೇಳುತ್ತಾರೆ. ಬೇಡವೆಂದರೆ ತೆಗೆಯುವುದಾಗಿ ಹುಡುಗ ಮಾತು ಕೊಟ್ಟಿದ್ದಾನೆ. ಅಂಗಳದಲ್ಲಿ ತೋರಿಸಿದರೆ ತೋಟದವರಿಗೆ ಕೇಳಿಸೀತೆಂದು, ಊರಾಚೆ ಒಬ್ಬಾಕೆಯ ಮನೆಯ ಹಿತ್ತಿಲನ್ನು ಆರಿಸಿದ್ದಾರೆ. ತೆರೆಗೆ ಬಿಳಿಯ ಪಂಚೆ ಯಾರ ಮನೆಯಿಂದ ತರಬೇಕೆಂಬ ಚರ್ಚೆ ಇನ್ನೂ ಮುಗಿದಿಲ್ಲವಂತೆ.